ಚಿಲ್ಲರೆ ಎಣಿಸುವ ಆಟ, ಚೌಕಾಸಿ ಮಾಡುವ ಆಟ

ಮೊದಲೇ ಹೇಳಿಬಿಡುತ್ತೇನೆ, ಅಂಗಡಿ ನಡೆಸುವ ಕಂಪ್ಯೂಟರ್ ಆಟಗಳಲ್ಲಿ ನನ್ನ ಓಟು ರೆಸೆಟಿಯರ್‌ಗೆ. 2007ರಲ್ಲಿ ಜಪಾನಿನ ಈಸಿಗೇಮ್‌ಸ್ಟೇಷನ್ ಅನ್ನೋ ಸಣ್ಣ ತಂಡ ಮಾಡಿದ್ದು, 2010ರಲ್ಲಿ ಇಂಗ್ಲಿಷಿಗೆ ಬಂತು. ನೋಡೋಕೆ ಹಳೇ ಕಾರ್ಟೂನ್ ಥರ ಇದೆ. ಆದರೂ ಅದೇ. ಅದರ ಜತೆ ನಾನು ಆಡಿದ್ದು ಇನ್ನೆರಡು, ಸೂಪರ್‌ಮಾರ್ಕೆಟ್ ಸಿಮ್ಯುಲೇಟರ್ ಮತ್ತು ಮೂನ್‌ಲೈಟರ್. ಮೂರನ್ನೂ ಸೇಲ್ ಇದ್ದಾಗ ಕೊಂಡೆ. ಸೂಪರ್‌ಮಾರ್ಕೆಟ್ ಮೊದಲು ಕೊಂಡೆ, ಅಲ್ಲೇ ಎಡವಿದೆ. ತಪ್ಪು ಆಟದ್ದಲ್ಲ, ನನ್ನದೇ.

ನಾನು ಹರಿಹರದ ಒಂದು ಕಿರಾಣಿ ಅಂಗಡಿಯಲ್ಲಿ ಬೆಳೆದವನು. ಶಾಲೆ ಬಿಟ್ಟ ಕೂಡಲೇ ಬ್ಯಾಗ್ ಎಸೆದು ಗಲ್ಲಾ ಹಿಂದೆ ನಿಲ್ಲಬೇಕಿತ್ತು. ಬೆಲ್ಲ ಒಡೆಯೋದು, ಸಕ್ಕರೆ ಪೊಟ್ಟಣ ಕಟ್ಟೋದು, ಸೋಪು ಸಾಲಾಗಿ ಜೋಡಿಸೋದು, ಖಾಲಿ ರಟ್ಟಿನ ಡಬ್ಬ ಮಡಚಿ ಅಟ್ಟಕ್ಕೆ ಎಸೆಯೋದು. ಪಿಯುಸಿ ಮುಗಿಯೋ ಹೊತ್ತಿಗೆ ಈ ಜನ್ಮಕ್ಕೆ ಅಂಗಡಿ ಸಾಕು ಅಂತ ಕೈ ಮುಗಿದಿದ್ದೆ. ಈಗ ಬೆಂಗಳೂರು, ಕುರ್ಚಿ ಮೇಲಿನ ಕೆಲಸ, ತಿಂಗಳಿಗೆ ಸಂಬಳ. ಇಂಥವನು ರಾತ್ರಿ ಊಟ ಆದ ಮೇಲೆ ದುಡ್ಡು ಕೊಟ್ಟು ಕೊಂಡ ಆಟದಲ್ಲಿ ಮತ್ತೆ ಸೋಪು ಜೋಡಿಸುತ್ತ ಕೂತರೆ ನೋಡಿದವರು ಏನಂದಾರು? ಅಪ್ಪ ಒಂದು ದಿನ ಹಿಂದೆ ನಿಂತು ನೋಡಿದರು. "ಅಲ್ಲೋ, ಇದಕ್ಕೆ ರೊಕ್ಕ ಕೊಟ್ಟು ತಗಂಡ್ಯಾ? ಊರಿಗೆ ಬಾ, ಪುಕ್ಕಟೆ ಕೊಡ್ತೀನಿ" ಅಂದರು.

ಸೂಪರ್‌ಮಾರ್ಕೆಟ್ ಸಿಮ್ಯುಲೇಟರ್ ಹುಚ್ಚು ಹಿಡಿಸಿದ್ದು ಅಕ್ಕನ ಮಗ. ಅವನು ಯೂಟ್ಯೂಬಿನಲ್ಲಿ ಯಾರೋ ಈ ಆಟ ಆಡೋದನ್ನೇ ಗಂಟೆಗಟ್ಟಲೆ ನೋಡುತ್ತಿದ್ದ. ಟರ್ಕಿಯ ನೋಕ್ತಾ ಗೇಮ್ಸ್ ಮಾಡಿದ ಆಟ, 2024ರ ಫೆಬ್ರವರಿಯಲ್ಲಿ ಬಂತು. ಶುರುವಿನಲ್ಲಿ ನಮ್ಮ ಕೈಯಲ್ಲಿ ಒಂದು ಖಾಲಿ ಮಳಿಗೆ, ಒಂದೆರಡು ರ‍್ಯಾಕು, ಒಂದು ಕಂಪ್ಯೂಟರು. ಕಂಪ್ಯೂಟರಿನಲ್ಲಿ ಹಿಟ್ಟು, ಹಾಲು, ಮೊಟ್ಟೆ ಅಂತ ಆರ್ಡರ್ ಮಾಡಿದರೆ ಮಾಲು ಡಬ್ಬಗಳಲ್ಲಿ ಅಂಗಡಿ ಎದುರಿನ ರಸ್ತೆಗೆ ಬಂದು ಬೀಳುತ್ತದೆ. ಎತ್ತಿಕೊಂಡು ಒಳಗೆ ಬಂದು ರ‍್ಯಾಕಿನ ಎದುರು ನಿಂತು ಬಟನ್ ಒತ್ತಿದರೆ ಒಂದೊಂದೇ ಪ್ಯಾಕೆಟ್ ಹಾರಿ ತನ್ನ ಜಾಗದಲ್ಲಿ ಕೂರುತ್ತದೆ. ಟಪ್, ಟಪ್, ಟಪ್. ಒಂದೂ ವಾಲೋದಿಲ್ಲ. ಒಂದೂ ಒಡೆಯೋದಿಲ್ಲ. ಇಲಿ ಕಚ್ಚಿಲ್ಲ, ಹುಳ ಬಿದ್ದಿಲ್ಲ. ನನ್ನ ಬಾಲ್ಯದಲ್ಲಿ ಒಮ್ಮೆಯೂ ಹೀಗೆ ನೆಟ್ಟಗೆ ನಿಲ್ಲದ ಸಾಮಾನುಗಳೆಲ್ಲ ಇಲ್ಲಿ ಸೈನಿಕರ ಥರ ನಿಂತವು. ಸುಳ್ಳು ಯಾಕೆ ಹೇಳಲಿ, ಮೊದಲ ರಾತ್ರಿ ಒಂದೂವರೆ ಗಂಟೆ ಆಗಿದ್ದೇ ತಿಳಿಯಲಿಲ್ಲ.

ಈ ಜಾತಿಯ ಆಟದ ಸೆಳೆತ ಇರೋದು ಇಲ್ಲೇ. ಕೆಲಸ ಸಣ್ಣದು, ಅದು ಮುಗಿದದ್ದು ಕಣ್ಣಿಗೆ ಕಾಣುತ್ತದೆ. ಆಫೀಸಿನಲ್ಲಿ ಇಡೀ ದಿನ ಏನು ಮಾಡಿದೆ ಅಂತ ಸಂಜೆ ಕೇಳಿದರೆ ನನ್ನ ಹತ್ತಿರ ತೋರಿಸಲಿಕ್ಕೆ ಏನೂ ಇರೋದಿಲ್ಲ. ಇಲ್ಲಿ ಖಾಲಿ ಇದ್ದ ರ‍್ಯಾಕು ತುಂಬಿದೆ, ಅಷ್ಟೇ. ಅದನ್ನು ನೋಡಿಕೊಂಡು ಮಲಗಬಹುದು.

ಆದರೆ ಚಿಲ್ಲರೆ.

ಇದೊಂದರ ಬಗ್ಗೆ ಸ್ವಲ್ಪ ಉದ್ದಕ್ಕೆ ಹೇಳಬೇಕು. ಗಿರಾಕಿ ಸಾಮಾನು ತಂದು ಕೌಂಟರಿನಲ್ಲಿ ಇಡುತ್ತಾನೆ. ಒಂದೊಂದನ್ನೂ ಸ್ಕ್ಯಾನ್ ಮಾಡಬೇಕು. ಬಿಲ್ಲು 23.65 ಡಾಲರ್ ಅನ್ನಿ. ಅವನು 50ರ ನೋಟು ಚಾಚುತ್ತಾನೆ. ಗಲ್ಲಾ ತೆರೆದುಕೊಳ್ಳುತ್ತದೆ. ಎಷ್ಟು ವಾಪಸ್ ಕೊಡಬೇಕು ಅಂತ ಪರದೆ ಮೇಲೆ ಬರೆದೇ ಇರುತ್ತದೆ, ಲೆಕ್ಕ ಹಾಕೋದೇನೂ ಬೇಡ. ನಮ್ಮ ಕೆಲಸ ಏನಿದ್ದರೂ ಎಣಿಸಿ ಕೊಡೋದು. 20ರದ್ದು ಒಂದು, 5ರದ್ದು ಒಂದು, 1ರದ್ದು ಒಂದು, 25 ಸೆಂಟಿನ ನಾಣ್ಯ ಒಂದು, 10 ಸೆಂಟಿನದು ಒಂದು. ಐದು ಸಲ ಕ್ಲಿಕ್. ಕಾರ್ಡ್ ಕೊಟ್ಟರೆ ಮೆಷಿನ್ನಿನಲ್ಲಿ ಮೊತ್ತವನ್ನು ಚುಕ್ಕಿ ಸಮೇತ ನಾವೇ ಒತ್ತಬೇಕು. ಮುಂದಿನ ಗಿರಾಕಿ. ಮತ್ತೆ 50ರ ನೋಟು.

ಮೊದಲ ಹತ್ತು ಗಿರಾಕಿಗಳವರೆಗೆ ಇದು ಮಜವಾಗಿತ್ತು. ನಲವತ್ತನೆಯವನ ಹೊತ್ತಿಗೆ ನನಗೆ ಹರಿಹರದ ನಮ್ಮ ಗಲ್ಲಾ ನೆನಪಾಯಿತು. ನಮ್ಮ ಅಂಗಡಿಯಲ್ಲಿ ಇದಕ್ಕೆ ಸಲೀಸಾದ ದಾರಿ ಇತ್ತು. "ಚಿಲ್ಲರೆ ಇಲ್ಲಕ್ಕ, ಎರಡು ಚಾಕ್ಲೇಟ್ ಕೊಡ್ಲಾ?" ಅನ್ನೋದು. ಇಲ್ಲಾಂದ್ರೆ "ಮುಂದಿನ ಸಲ ಕೊಡಿ, ಎಲ್ಲಿ ಓಡಿ ಹೋಗ್ತೀರಿ" ಅನ್ನೋದು. ಇಲ್ಲಾಂದ್ರೆ ಒಂದು ಬೆಂಕಿಪೊಟ್ಟಣ. ಬೆಲೆ ಮುನ್ನೂರ ಎರಡು ಆದರೆ ಅಪ್ಪ ಮುನ್ನೂರು ತಗೊಂಡು ಆ ಎರಡು ರೂಪಾಯಿಯಲ್ಲಿ ಒಂದು ನಮಸ್ಕಾರ ಸಂಪಾದಿಸುತ್ತಿದ್ದರು. ಈ ಆಟದಲ್ಲಿ ಇದ್ಯಾವುದೂ ಇಲ್ಲ. ಉದ್ರಿ ಇಲ್ಲ, ಚಾಕ್ಲೇಟ್ ಇಲ್ಲ, ಕೊಸರು ಇಲ್ಲ. ಆ 35 ಸೆಂಟನ್ನು ಎಣಿಸಿಯೇ ಕೊಡಬೇಕು.

ಆಗ ನನಗೊಂದು ಉಪಾಯ ಹೊಳೆಯಿತು. ಇದು ನನ್ನೊಬ್ಬನಿಗೇ ಹೊಳೆದದ್ದು ಅಂತ ಬೀಗುತ್ತಿದ್ದೆ, ಆಮೇಲೆ ನೋಡಿದರೆ ಆಡುವವರೆಲ್ಲ ಮಾಡುವುದೇ ಅದು. ಬೆಲೆ ಇಡೋದು ನಾವೇ ತಾನೇ? ಎಲ್ಲ ಬೆಲೆಯನ್ನೂ ಅರ್ಧ ಡಾಲರಿಗೋ ಇಡೀ ಡಾಲರಿಗೋ ಸರಿಮಾಡಿಬಿಟ್ಟರೆ ಸಣ್ಣ ನಾಣ್ಯದ ತಂಟೆಯೇ ಇಲ್ಲ. ಮಾರುಕಟ್ಟೆ ಬೆಲೆ 3.42 ಇದ್ದರೆ ನಾನು 3.50 ಇಟ್ಟೆ. 6.18 ಇದ್ದರೆ 6 ಇಟ್ಟೆ. ಇಡೀ ಅಂಗಡಿ ಸುತ್ತಿ ಒಂದೊಂದೇ ರ‍್ಯಾಕಿನ ಬೆಲೆ ಚೀಟಿ ಒತ್ತಿ ಸರಿಮಾಡಿದೆ. ಆ ದಿನ ಕ್ಯೂ ನೀರು ಹರಿದ ಹಾಗೆ ಹರಿಯಿತು. ನನ್ನ ಬೆನ್ನು ನಾನೇ ತಟ್ಟಿಕೊಂಡೆ.

ಮಾರನೇ ದಿನ ಮಾರುಕಟ್ಟೆ ಬೆಲೆ ಬದಲಾಗಿತ್ತು. ಎಲ್ಲದ್ದೂ ಅಲ್ಲ, ಒಂದಷ್ಟರದ್ದು. ಅಷ್ಟು ಸಾಕಲ್ವಾ? ಮಾರುಕಟ್ಟೆಗಿಂತ ತೀರಾ ಮೇಲೆ ಇಟ್ಟರೆ ಗಿರಾಕಿ ತುಂಬಾ ದುಬಾರಿ ಅಂದು ಸಾಮಾನು ಮುಟ್ಟದೇ ಹೋಗುತ್ತಾನೆ, ಕೆಳಗೆ ಇಟ್ಟರೆ ನಮಗೆ ಲುಕ್ಸಾನು. ಮತ್ತೆ ಚೀಟಿ ಚೀಟಿ ಸುತ್ತು. ಅಂಗಡಿ ದೊಡ್ಡದಾದಷ್ಟೂ ಸುತ್ತು ಉದ್ದ. ಲೈಸೆನ್ಸ್ ಕೊಂಡು ಹೊಸ ಸಾಮಾನು ಸೇರಿಸಿದಷ್ಟೂ ಚೀಟಿ ಜಾಸ್ತಿ. ಒಂದು ರಾತ್ರಿ ಇಡೀ ಆಟದ ಸಮಯ ಬೆಲೆ ಚೀಟಿ ತಿದ್ದೋದರಲ್ಲೇ ಕಳೆದು, ಗಿರಾಕಿಗೆ ಬಾಗಿಲು ತೆರೆಯದೇ ಮಲಗಿದೆ. ನಿಜವಾದ ಅಂಗಡಿಯಲ್ಲೂ ನಾನು ಅಷ್ಟು ನಿಷ್ಠೆಯಿಂದ ದುಡಿದವನಲ್ಲ.

ಮುಂದೆ ಅಂಗಡಿಯ ಲೆವೆಲ್ ಏರಿದ ಮೇಲೆ ಕೌಂಟರಿಗೆ ಕ್ಯಾಷಿಯರ್ ಇಡಬಹುದು, ಸ್ಟಾಕ್ ತುಂಬಲು ಹುಡುಗರನ್ನು ಇಡಬಹುದು. ಇಟ್ಟೆ. ಚಿಲ್ಲರೆ ಕಾಟ ತಪ್ಪಿತು, ಡಬ್ಬ ಹೊರೋದೂ ತಪ್ಪಿತು. ಆಮೇಲೆ ಅಂಗಡಿ ಮಧ್ಯೆ ನಿಂತು ನೋಡುತ್ತೇನೆ, ನನಗೆ ಮಾಡಲು ಉಳಿದಿರೋದು ಕಂಪ್ಯೂಟರಿನಲ್ಲಿ ಆರ್ಡರ್ ಹಾಕೋದೊಂದೇ. ಬೇಸರದ ಕೆಲಸ ಹೋಯಿತು ನಿಜ, ಆದರೆ ಆಟ ಇದ್ದದ್ದೇ ಆ ಕೆಲಸದಲ್ಲಿ. ಟಪ್ ಟಪ್ ಅಂತ ಹಾಲು ಜೋಡಿಸುವ ಸುಖವನ್ನು ಈಗ ಆ ಸಂಬಳದ ಹುಡುಗ ಅನುಭವಿಸುತ್ತಿದ್ದ. ನಾನು ಒಂದು ಸಲ ಅವನ ಕೈಲಿದ್ದ ಕೆಲಸ ನಾನೇ ಮಾಡೋಣ ಅಂತ ಡಬ್ಬ ಎತ್ತಿಕೊಂಡು ಓಡಿದ್ದೂ ಇದೆ.

ದುಡ್ಡು ವಾಪಸ್ ಕೇಳೋಣ ಅಂದರೆ ಹೊತ್ತು ಮೀರಿತ್ತು. ನಾನು ಕೊಂಡದ್ದು ಸ್ಟೀಮ್ ಅನ್ನೋ ಆನ್‌ಲೈನ್ ಆಟದಂಗಡಿಯಲ್ಲಿ, ಅಲ್ಲಿ ಆಟ ಕೊಂಡು 14 ದಿನದೊಳಗೆ, ಆಡಿದ್ದು 2 ಗಂಟೆಗಿಂತ ಕಡಿಮೆ ಇದ್ದರೆ ದುಡ್ಡು ವಾಪಸ್ ಕೇಳಬಹುದು. ಅಂಗಡಿ ಆಟಗಳಲ್ಲಿ ಮೊದಲ ಎರಡು ಗಂಟೆ ಯಾರಿಗೂ ಬೇಸರ ಬರೋದಿಲ್ಲ. ನನಗೆ ಬೇಸರ ಬಂದದ್ದು ಹನ್ನೊಂದನೇ ಗಂಟೆಯಲ್ಲಿ. ನೀವು ಕೊಳ್ಳೋದಾದರೆ ಒಂದೂವರೆ ಗಂಟೆಗೆ ಗಡಿಯಾರ ಇಟ್ಟುಕೊಳ್ಳಿ. ಆಮೇಲೆ ನಿಮ್ಮನ್ನೇ ಕೇಳಿಕೊಳ್ಳಿ, ಇದನ್ನೇ ಇನ್ನು ನೂರು ಸಲ ಮಾಡ್ತೀನಾ ಅಂತ.

ಇನ್ನೊಂದು ಮಾತು, ಲ್ಯಾಪ್‌ಟಾಪ್. ನನ್ನದು ಕೊಳ್ಳುವಾಗ ಅಂಗಡಿಯವನು "ಎಲ್ಲಾ ಗೇಮೂ ಓಡುತ್ತೆ ಸರ್" ಅಂದಿದ್ದ. ಓಡುತ್ತದೆ, ಇಲ್ಲ ಅನ್ನೋದಿಲ್ಲ. ಸೂಪರ್‌ಮಾರ್ಕೆಟ್ ತುಂಬಿದ ಮೇಲೆ ಅದರ ಫ್ಯಾನು ಹಿಟ್ಟಿನ ಗಿರಣಿ ಥರ ಕೂಗುತ್ತದೆ. ಹೆಂಡತಿ ಒಳಗಿನ ರೂಮಿನಿಂದ "ರೀ, ಅಂಗಡಿ ಬಾಗಿಲು ಹಾಕ್ರೀ" ಅನ್ನೋದಕ್ಕೆ ಶುರು ಮಾಡಿದ್ದು ಆಗಲೇ.

ಮೂನ್‌ಲೈಟರ್ ಬಗ್ಗೆ ಜಾಸ್ತಿ ಹೇಳೋದಿಲ್ಲ. ಸ್ಪೇನಿನ ಡಿಜಿಟಲ್ ಸನ್ ಮಾಡಿದ್ದು, 2018ರದು. ಚಿತ್ರ ಬಹಳ ಚಂದ, ಸಂಗೀತ ಅದಕ್ಕಿಂತ ಚಂದ. ವಿಲ್ ಅನ್ನೋ ಹುಡುಗ ರೈನೋಕ ಅನ್ನೋ ಹಳ್ಳಿಯಲ್ಲಿ ಅಂಗಡಿ ಇಟ್ಟಿದ್ದಾನೆ. ರಾತ್ರಿ ಗುಹೆಗೆ ಹೋಗಿ ರಾಕ್ಷಸರನ್ನು ಹೊಡೆದು ಸಾಮಾನು ತರೋದು, ಹಗಲು ಅದನ್ನು ಮಾರೋದು. ಹೊಡೆದಾಟದ ಭಾಗ ಇಷ್ಟಪಡುವವರು ಇದನ್ನೇ ಮೊದಲು ಕೊಳ್ಳಲಿ. ಕೈ ಚುರುಕು ಬೇಕು. ನನಗಿಲ್ಲ.

ಅಂಗಡಿ ಭಾಗ ಹೇಗಿದೆ ಅಂದರೆ, ಯಾವ ಸಾಮಾನಿಗೆ ಎಷ್ಟು ಬೆಲೆ ಅಂತ ಯಾರೂ ಹೇಳೋದಿಲ್ಲ. ನಾವೇ ಒಂದು ಇಟ್ಟು ಗಿರಾಕಿಯ ಮುಖ ನೋಡಬೇಕು. ಖುಷಿ ಉಕ್ಕಿದರೆ ನಾವು ಕಡಿಮೆ ಹೇಳಿದ್ದೀವಿ ಅಂತ. ಸಿಟ್ಟಾದರೆ ಅತಿ ಮಾಡಿದ್ದೀವಿ ಅಂತ. ಮಧ್ಯೆ ಇನ್ನೆರಡು ಮುಖ. ಶುರುವಿನಲ್ಲಿ ಇದು ನಿಜಕ್ಕೂ ಚೆನ್ನಾಗಿತ್ತು. 300 ಇಟ್ಟೆ, ಅವನ ಮುಖ ಅರಳಿತು. 500 ಇಟ್ಟೆ, ಇನ್ನೊಬ್ಬ ಮುಖ ಕಿವುಚಿ ಎದ್ದು ಹೋದ. 400 ಇಟ್ಟೆ, ಬೇಜಾರಿನ ಮುಖದಲ್ಲೇ ಕೊಂಡ. 375ಕ್ಕೆ ಸರಿಹೋಯಿತು. ಗುಟ್ಟು ಸಿಕ್ಕಿತು. ಆದರೆ ಆಟದಲ್ಲಿ ಒಂದು ಪುಸ್ತಕ ಇದೆ, ನಾವು ಇಟ್ಟ ಬೆಲೆ, ಕಂಡ ಮುಖ ಎಲ್ಲ ಅದರಲ್ಲಿ ಬರೆದುಕೊಳ್ಳುತ್ತದೆ. ಒಂದು ಸಲ ಸರಿ ಬೆಲೆ ಸಿಕ್ಕ ಮೇಲೆ ಆ ಸಾಮಾನಿನ ವ್ಯಾಪಾರ ಮುಗಿದ ಹಾಗೇ. ಒಂದೇ ಸಾಮಾನನ್ನು ಸುರಿದು ಮಾರಿದರೆ ಬೇಡಿಕೆ ಸ್ವಲ್ಪ ಇಳಿಯುತ್ತದೆ, ಅಷ್ಟೇ. ಹೆಚ್ಚಿನ ಗಿರಾಕಿಗಳು ಒಂದೇ ಥರ, ಯಾರು ಯಾರು ಅಂತ ಅಷ್ಟೇನೂ ನೋಡಬೇಕಾಗಿಲ್ಲ. ಆಗಾಗ ಒಬ್ಬ ಕಳ್ಳ ಸಾಮಾನು ಎತ್ತಿಕೊಂಡು ಬಾಗಿಲಿಗೆ ಓಡುತ್ತಾನೆ, ಅವನನ್ನು ಅಡ್ಡ ಹಾಕಿ ಕೆಡವುವಾಗ ಮಾತ್ರ ಎದ್ದು ಕೂರುತ್ತಿದ್ದೆ.

ಅಕ್ಕನ ಮಗನ ಲ್ಯಾಪ್‌ಟಾಪಿನಲ್ಲಿ ಟಿಸಿಜಿ ಕಾರ್ಡ್ ಶಾಪ್ ಸಿಮ್ಯುಲೇಟರನ್ನೂ ಎರಡು ಸಂಜೆ ಆಡಿ ನೋಡಿದೆ. ಸೂಪರ್‌ಮಾರ್ಕೆಟಿನ ದಾಯಾದಿ ಅದು, ಹಾಲು ಮೊಟ್ಟೆ ಬದಲು ಆಟದ ಕಾರ್ಡು. ಮೈ ನಾರುವ ಗಿರಾಕಿಗಳು ಒಳಗೆ ಬಂದಾಗ ಅವರ ಮೇಲೆ ಸೆಂಟು ಹೊಡೆಯಬೇಕು. ಇದೊಂದಕ್ಕೆ ಬಿದ್ದು ಬಿದ್ದು ನಕ್ಕೆ. ಕಾರ್ಡಿನ ಹುಚ್ಚು ನನಗಿಲ್ಲ, ಹಾಗಾಗಿ ಕೊಳ್ಳಲಿಲ್ಲ.

ಈಗ ರೆಸೆಟಿಯರ್.

ಕಥೆ ಇಷ್ಟು. ರೆಸೆಟ್ ಅನ್ನೋ ಹುಡುಗಿ. ಅವಳಪ್ಪ ಸಾಹಸ ಮಾಡ್ತೀನಿ ಅಂತ ಮನೆ ಬಿಟ್ಟು ಹೋಗಿದ್ದಾನೆ, ಹೋಗುವಾಗ ಸಾಲ ಬಿಟ್ಟು ಹೋಗಿದ್ದಾನೆ. ಒಂದು ದಿನ ಬಾಗಿಲಿಗೆ ಟಿಯರ್ ಅನ್ನೋ ಪುಟಾಣಿ ಯಕ್ಷಿಣಿ ಬರುತ್ತಾಳೆ. ವರ ಕೊಡೋದಕ್ಕಲ್ಲ, ಫೈನಾನ್ಸ್ ಕಂಪನಿಯಿಂದ ವಸೂಲಿಗೆ! ಸಾಲ 8,20,000 ಪಿಕ್ಸ್. ಪಿಕ್ಸ್ ಅಂದರೆ ಅಲ್ಲಿನ ರೊಕ್ಕ. ಮನೆಯನ್ನೇ ಅಂಗಡಿ ಮಾಡಿ ಐದು ವಾರದಲ್ಲಿ ತೀರಿಸಬೇಕು. ವಾರದ ಕಂತು ಮೊದಲು 10,000, ಆಮೇಲೆ 30,000, ಮೂರನೇ ವಾರ 80,000, ನಾಲ್ಕಕ್ಕೆ 2,00,000, ಕೊನೆಗೆ 5,00,000. ಮೊದಲ ವಾರ ಇಷ್ಟೇನಾ ಅನಿಸುತ್ತದೆ. ನಾಲ್ಕನೇ ವಾರ ನಿದ್ದೆ ಬರೋದಿಲ್ಲ.

ಬೇರೆ ಆಟಗಳಲ್ಲಿ ನಾಯಕ ಊರಿಂದೂರಿಗೆ ಹೋಗುತ್ತ ಅಂಗಡಿಯಲ್ಲಿ ಕತ್ತಿ ಗುರಾಣಿ ಕೊಳ್ಳುತ್ತಾನಲ್ಲ, ಆ ಅಂಗಡಿಯವರು ಇಲ್ಲಿ ನಾವು. ಇದು ಹೊಸ ಯೋಚನೆಯೇನಲ್ಲ. 1990ರ ಡ್ರ್ಯಾಗನ್ ಕ್ವೆಸ್ಟ್ 4ರಲ್ಲಿ ಟೋರ್ನೆಕೋ ಅನ್ನೋ ವ್ಯಾಪಾರಿಗೆ ಒಂದು ಅಧ್ಯಾಯ ಇದೆ, ಪಾಪ ಅವನು ಬೇರೆಯವರ ಆಯುಧದ ಅಂಗಡಿಯಲ್ಲಿ ಕೂಲಿಗೆ ನಿಲ್ಲೋದರಿಂದ ಶುರು. ಆದರೆ ಅಲ್ಲಿ ಅದೊಂದು ಅಧ್ಯಾಯ, ಇಲ್ಲಿ ಇಡೀ ಆಟವೇ ಗಲ್ಲಾ ಹಿಂದೆ.

ನಾನು ಬಿದ್ದುಹೋದದ್ದು ಚೌಕಾಸಿಗೆ. ಗಿರಾಕಿ ಒಂದು ಸಾಮಾನು ಹಿಡಿದು ಎದುರು ನಿಲ್ಲುತ್ತಾನೆ. ಅದರ ಮೂಲ ಬೆಲೆ ನಮಗೆ ಕಾಣುತ್ತದೆ. ಮೇಲೆ ಎಷ್ಟು ಹಾಕಬೇಕು ಅನ್ನೋದು ನಮಗೆ ಬಿಟ್ಟದ್ದು. 4,300ರ ಸಾಮಾನು ಅನ್ನಿ. ನೂರಕ್ಕೆ ಮೂವತ್ತು ಸೇರಿಸಿದರೆ 5,590. ಬಾಯಿಲೆಕ್ಕದಲ್ಲೇ ಮಾಡಬೇಕು, ಮಗ್ಗಿ ಬಾರದವರಿಗೆ ಪಕ್ಕದಲ್ಲಿ ಫೋನ್ ಬೇಕು. ಅಂಕಿಯನ್ನು ಒಂದೊಂದೇ ಮೇಲೆ ಕೆಳಗೆ ಮಾಡಿ ಬೆಲೆ ಹೇಳಿದರೆ ಅವನು ಒಪ್ಪುತ್ತಾನೆ, ಇಲ್ಲವೇ ಗೊಣಗುತ್ತಾನೆ. ಗೊಣಗಿದರೆ ಇಳಿಸಲು ಇನ್ನೊಂದು ಅವಕಾಶ. ಮತ್ತೂ ಹಟ ಮಾಡಿದರೆ ಹೊರಟೇ ಹೋಗುತ್ತಾನೆ. ಮೊದಲ ಮಾತಿಗೇ ಒಪ್ಪುವ ಹಾಗೆ ಸಾಲಾಗಿ ಮಾರುತ್ತ ಹೋದರೆ ನಮ್ಮ ವ್ಯಾಪಾರಿ ಲೆವೆಲ್ ಬೇಗ ಏರುತ್ತದೆ. ಹಾಗಾಗಿ ಪ್ರತಿ ಸಲವೂ ಒಂದು ಗುದ್ದಾಟ, ಆಸೆ ಪಟ್ಟು ಹಿಂಡಬೇಕೋ, ಒಂದೇ ಮಾತಿಗೆ ಮುಗಿಸಬೇಕೋ?

ಎಲ್ಲಕ್ಕಿಂತ ಮುಖ್ಯ, ಎದುರಿಗಿರೋರು ಯಾರು ಅಂತ ನೋಡಬೇಕು. ಊರಿನ ಗಂಡಸು, ಹೆಂಗಸು, ಮುದುಕ, ಪುಟ್ಟ ಹುಡುಗಿ, ಜೇಬು ಸದಾ ಖಾಲಿ ಇರುವ ಲೂಯಿ, ಎಲ್ಲರ ಕೈ ಬೇರೆ ಬೇರೆ. ಶ್ರೀಮಂತ ಹುಡುಗಿ ಅಲುಯೆಟ್ ಕೊಂಕು ಮಾತಾಡುತ್ತಲೇ ಬರುತ್ತಾಳೆ, ಆದರೆ ಅವಳಷ್ಟು ಕೈ ಬಿಚ್ಚಿ ಕೊಡೋರು ಇನ್ನೊಬ್ಬರಿಲ್ಲ. ಅವಳು ಬಾಗಿಲಲ್ಲಿ ಕಂಡರೆ ನಾನು ಕುರ್ಚಿ ಎಳೆದುಕೊಂಡು ನೆಟ್ಟಗೆ ಕೂರುತ್ತೇನೆ. ಕೆಲವರು ಕೊಳ್ಳೋದಕ್ಕಲ್ಲ, ಮಾರೋದಕ್ಕೆ ಬರುತ್ತಾರೆ. ಕೆಲವರು ಇಂತಿಷ್ಟು ದಿನದಲ್ಲಿ ಇಂಥದ್ದು ಬೇಕು ಅಂತ ಹೇಳಿಟ್ಟು ಹೋಗುತ್ತಾರೆ, ಮರೆತರೆ ಮುಖ ತಿರುಗಿಸುತ್ತಾರೆ. ನಮ್ಮ ಅಂಗಡಿಯಲ್ಲಿ ಹಬ್ಬಕ್ಕೆ ಮುಂಚೆ ಹೀಗೇ ಹೇಳಿಟ್ಟು ಹೋಗೋರು, ಅಪ್ಪ ಗೋಡೆ ಮೇಲೆ ಪೆನ್ಸಿಲಿನಲ್ಲಿ ಬರೆದುಕೊಳ್ಳೋರು. ನಾನು ಲ್ಯಾಪ್‌ಟಾಪಿನ ಅಂಚಿಗೆ ಹಳದಿ ಚೀಟಿ ಅಂಟಿಸಿಕೊಂಡೆ.

ಅಪ್ಪ ಎರಡನೇ ಸಲ ಬಂದಾಗ ಈ ಆಟ ನಡೆಯುತ್ತಿತ್ತು. ಸುಮ್ನೆ ಮಂಚದ ಮೇಲೆ ಕೂತು ನೋಡುತ್ತಿದ್ದರು. ಪುಟ್ಟ ಹುಡುಗಿ ಏನೋ ತಿಂಡಿ ಹಿಡಿದು ಬಂದಳು. ನಾನು ಅಭ್ಯಾಸಬಲದಿಂದ ಮೂವತ್ತು ಸೇರಿಸಿ ಹೇಳಿದೆ. ಅವಳು ತಲೆ ತಗ್ಗಿಸಿದಳು.

"ಆ ಪಾಪುಗೆ ಯಾಕೋ ಅಷ್ಟು ಹೇಳ್ತೀಯ? ಇಳ್ಸು."

"ಅಪ್ಪಾ, ಅದು ಗೇಮು."

"ಗೇಮಾದ್ರೇನು? ಇವತ್ತು ಖುಷಿಯಾಗಿ ಹೋದ್ರೆ ನಾಳೆ ಅವ್ರಮ್ಮನ್ನ ಕರ್ಕಂಡು ಬರ್ತದೆ."

ಇಳಿಸಿದೆ. ಅವರಮ್ಮ ಬರಲಿಲ್ಲ, ಆಟದಲ್ಲಿ ಅಷ್ಟೊಂದಿಲ್ಲ. ಆದರೆ ಗಿರಾಕಿ ಖುಷಿಯಾಗಿ ಹೋಗುತ್ತಿದ್ದರೆ ಮುಂದೆ ಅವರು ಹೆಚ್ಚು ದುಡ್ಡು ಹಿಡಿದು ಬರುವ ಹಾಗೆ ಆಟದಲ್ಲಿ ನಿಜಕ್ಕೂ ಏರ್ಪಾಡಿದೆ. ನಾಲ್ಕು ಡಿಗ್ರಿ ಓದಿದವರು ಬರೆದ ಲೆಕ್ಕವನ್ನು ಅಪ್ಪ ಮಂಚದ ಮೇಲೆ ಕೂತೇ ಹೇಳಿಬಿಟ್ಟಿದ್ದರು. ಆ ವಾರ ಪೂರ್ತಿ ಅವರು ಊಟ ಆದ ಮೇಲೆ "ಅಂಗಡಿ ತೆಗಿಯೋ" ಅನ್ನೋರು.

ಬೆಲೆ ಏರಿಳಿತ ಇಲ್ಲೂ ಇದೆ, ಸೂಪರ್‌ಮಾರ್ಕೆಟಿನ ಹಾಗೆ. ಆದರೆ ಅಲ್ಲಿ ಅದು ಚೀಟಿ ತಿದ್ದುವ ಶಿಕ್ಷೆ, ಇಲ್ಲಿ ಅದೇ ವ್ಯಾಪಾರ. ಇಂಥ ಸಾಮಾನಿನ ಬೆಲೆ ಬಿದ್ದಿದೆ ಅಂತ ಸುದ್ದಿ ಬಂದರೆ ಓಡಿ ಹೋಗಿ ಗಿಲ್ಡಿನಲ್ಲಿ, ಅಂದರೆ ನಮಗೆ ಮಾಲು ಮಾರುವ ವ್ಯಾಪಾರಿ ಸಂಘದಲ್ಲಿ, ಕೊಂಡು ಒಳಗಿಡೋದು. ಏರಿದೆ ಅಂದರೆ ಕಿಟಕಿ ಬಳಿ ಜೋಡಿಸಿ ಬಾಗಿಲು ತೆಗೆಯೋದು. ಹುಣಸೆಹಣ್ಣು ಅಗ್ಗ ಇರುವಾಗ ಅಜ್ಜ ಮೂಟೆಗಟ್ಟಲೆ ತುಂಬಿ, ಮಳೆಗಾಲದಲ್ಲಿ ಮೀಸೆ ತಿರುವಿಕೊಂಡು ಮಾರುತ್ತಿದ್ದದ್ದೂ ಇದೇ ಲೆಕ್ಕದಲ್ಲಿ.

ಈ ಚಾಳಿಯೇ ನನ್ನನ್ನು ಮುಳುಗಿಸಿತು. ನಾಲ್ಕನೇ ವಾರ, ಕಂತಿಗೆ ಎರಡು ದಿನ ಮುಂಚೆ, ಬೆಲೆ ಬಿದ್ದಿದೆ ಅಂತ ಕೈಯಲ್ಲಿದ್ದ ಕಾಸನ್ನೆಲ್ಲ ಸುರಿದು ಮಾಲು ತುಂಬಿಕೊಂಡೆ. ನಾಡಿದ್ದಿನೊಳಗೆ ಬೆಲೆ ಏರುತ್ತದೆ ಅಂತ ನನ್ನ ಲೆಕ್ಕ. ಏರಲಿಲ್ಲ. ದಿನಕ್ಕೆ ನಾಲ್ಕೇ ಹೊತ್ತು, ಒಂದು ಸಲ ಅಂಗಡಿ ತೆರೆದರೆ ಒಂದು ಹೊತ್ತು ಮುಗಿಯಿತು. ಎಷ್ಟು ಅಂತ ಮಾರಲಿ? ಗೋಡೌನು ತುಂಬಾ ಮಾಲು, ಗಲ್ಲಾದಲ್ಲಿ 2,00,000 ಇಲ್ಲ. ಟಿಯರ್ ಬಂದಳು. ಮನೆ ಹೋಯಿತು. ರೆಸೆಟ್ ರಟ್ಟಿನ ಡಬ್ಬದಲ್ಲಿ ಕೂತಿರೋ ಚಿತ್ರ ತೋರಿಸುತ್ತಾರೆ. ನಗೋಕಂತಲೇ ಮಾಡಿದ್ದು ಅದು. ನನಗೆ ನಗು ಬರಲಿಲ್ಲ, ಒಂದು ದೀಪಾವಳಿಗೆ ನಮ್ಮ ಅಂಗಡಿಯಲ್ಲೂ ಹೀಗೇ ಆಗಿತ್ತು. ಪಟಾಕಿ ಡಬ್ಬ ಅಟ್ಟದವರೆಗೆ, ಹೋಲ್‌ಸೇಲಿನವನು ಬಾಗಿಲಲ್ಲಿ.

ಒಂದು ಪುಣ್ಯ ಏನಂದರೆ, ಸೋತರೆ ಎಲ್ಲ ಹೋಗೋದಿಲ್ಲ. ಮತ್ತೆ ಶುರುವಿನಿಂದ ಆಡಬೇಕು, ಆದರೆ ಸಾಮಾನು, ವ್ಯಾಪಾರಿ ಲೆವೆಲ್ ಜತೆಗೇ ಬರುತ್ತದೆ. ಎರಡನೇ ಸಲ ಮೂರು ವಾರ ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ ಕಳೆಯಿತು. ಕೊನೇ ಕಂತು ಕಟ್ಟಿದ ದಿನ ಊರಿಗೆ ಫೋನ್ ಮಾಡಿ ಹೇಳಿದೆ. "ಕೈಯಾಗೆ ಎಷ್ಟು ಉಳೀತು?" ಅಂತ ಕೇಳಿದರು ಅಪ್ಪ.

ಇದರಲ್ಲಿ ಬೇಸರವೇ ಇಲ್ಲ ಅಂದುಕೊಳ್ಳಬೇಡಿ. ಗುಹೆಗೆ ಹೋಗಿ ಹೊಡೆದಾಡುವ ಭಾಗ ಸಪ್ಪೆ, ಮೂನ್‌ಲೈಟರಿನ ಕಾಲಿಗೂ ಸಾಲದು. ಮಾತು ವಿಪರೀತ, ಟಿಯರ್ ಒಂದು ವಿಷಯಕ್ಕೆ ಹತ್ತು ಸಲ ಪಾಠ ಹೇಳುತ್ತಾಳೆ. ಒಂದಷ್ಟು ದಿನ ಆದ ಮೇಲೆ ಯಾರಿಗೆ ನೂರಕ್ಕೆ ಎಷ್ಟು ಅಂತ ಬಾಯಿಪಾಠ ಆಗಿ, ಚೌಕಾಸಿಯೂ ಯಂತ್ರದ ಕೆಲಸ ಆಗುತ್ತದೆ. ಸಾಲ ತೀರಿದ ಮೇಲೆ ಅಂಗಡಿ ಮುಂದುವರಿಸಬಹುದು, ನಾನು ಒಂದು ವಾರ ಮುಂದುವರಿಸಿ ಬಿಟ್ಟೆ. ಟಿಯರ್ ಬಾಗಿಲಲ್ಲಿ ನಿಲ್ಲದಿದ್ದರೆ ಎಲ್ಲ ಸಪ್ಪೆ ಅನಿಸಿತು. ಸೂಪರ್‌ಮಾರ್ಕೆಟಿನಲ್ಲಿ ನನಗೆ ತಾಗಿದ ಕೊರತೆಯೂ ಬಹುಶಃ ಅದೇ. ಅಲ್ಲಿ ಬಾಡಿಗೆ ಕರೆಂಟು ಬಿಲ್ಲು ಕಟ್ಟಬೇಕು, ಆದರೆ ವಸೂಲಿಗೆ ಮುಖ ಇಲ್ಲ. ಗಿರಾಕಿಗೂ ಮುಖ ಇದ್ದೂ ಇಲ್ಲದ ಹಾಗೆ.

ಹಾಗಾದರೆ ಯಾವುದು ಕೊಳ್ಳೋದು? ನನ್ನ ಅಭ್ಯಾಸ ಹೇಳುತ್ತೇನೆ, ನಿಮ್ಮದಕ್ಕೆ ತಾಳೆ ನೋಡಿಕೊಳ್ಳಿ. ನಾನು ಆಡೋದು ರಾತ್ರಿ ಹತ್ತರ ಮೇಲೆ ಮುಕ್ಕಾಲು ಗಂಟೆ. ರೆಸೆಟಿಯರಿನಲ್ಲಿ ಅಷ್ಟರಲ್ಲಿ ಎರಡು ಮೂರು ದಿನದ ವ್ಯಾಪಾರ ಮುಗಿಸಿ ಎದ್ದೇಳಬಹುದು. ಸೂಪರ್‌ಮಾರ್ಕೆಟಿನಲ್ಲಿ ಬೆಳಿಗ್ಗೆ ಬೆಲೆ ಸರಿಮಾಡಿ ಸ್ಟಾಕ್ ತುಂಬುವಷ್ಟರಲ್ಲೇ ಅಷ್ಟು ಹೊತ್ತು ಹೋಗುತ್ತದೆ. ಹಳೇ ಲ್ಯಾಪ್‌ಟಾಪ್ ಇದ್ದರೆ ಎರಡನೇ ಮಾತೇ ಬೇಡ, ರೆಸೆಟಿಯರ್ ಓಡುವಾಗ ನನ್ನ ಫ್ಯಾನು ಸದ್ದೇ ಮಾಡಲಿಲ್ಲ. ಇಂಗ್ಲಿಷ್ ಓದುವ ತಾಳ್ಮೆ ಇಲ್ಲ, ಬರೀ ಕೈಗೆ ಕೆಲಸ ಬೇಕು, ಕಿವಿಯಲ್ಲಿ ಹಾಡು ಹಾಕಿಕೊಂಡು ತಲೆ ಖಾಲಿ ಮಾಡಿಕೊಳ್ಳಬೇಕು ಅನ್ನೋರಿಗೆ ಸೂಪರ್‌ಮಾರ್ಕೆಟ್ಟೇ ಸರಿ. ಅಂಗಡಿಯಲ್ಲಿ ಬೆಳೆಯದವರಿಗೆ ಅದು ನನಗಿಂತ ಹೆಚ್ಚು ಹಿಡಿಸೀತು. ಪೂರ್ತಿ ಬೆಲೆಗೆ ಮಾತ್ರ ಯಾವುದನ್ನೂ ಕೊಳ್ಳಬೇಡಿ, ಮೂರೂ ಆಗಾಗ ಸೇಲಿಗೆ ಬರುತ್ತವೆ.

ಮೂನ್‌ಲೈಟರ್ ಅನ್ನು ಜಾಗಕ್ಕೋಸ್ಕರ ಅಳಿಸಿದೆ. ಸೂಪರ್‌ಮಾರ್ಕೆಟ್ ಇನ್ನೂ ಇಟ್ಟುಕೊಂಡಿದ್ದೇನೆ. ಬೇಸಿಗೆ ರಜೆಗೆ ಅಕ್ಕನ ಮಗ ಬರುತ್ತಾನೆ, ಗಲ್ಲಾದಲ್ಲಿ ಅವನನ್ನು ಕೂರಿಸಿ ಹಾಲು ಜೋಡಿಸೋದು ನಾನು ಅಂತ ಈಗಲೇ ಒಪ್ಪಂದ ಆಗಿದೆ. ಬೆಲೆಯನ್ನೆಲ್ಲ ಅರ್ಧ ಡಾಲರಿಗೆ ಸರಿಮಾಡುವ ಉಪಾಯ ಅವನಿಗೆ ಹೇಳಿಲ್ಲ. ಎರಡು ದಿನ ಎಣಿಸಲಿ.